ಕೆಮ್ಮು

ಕೆಮ್ಮು ಅಂದಳು ಸೆಪಿಸೊ,
ನೆಗಡಿಯೂ ಇಲ್ಲದ ನನಗೆ.

ಈ ಹುಡುಗಿ ಮೊನ್ನೆ ಮೊನ್ನೆ
ಶಾಲೆಯ ಬೇಲಿಯಾಚೆಯಿಂದ ಕೈ ಚಾಚಿ
ಹುರಿದ ಗೇರುಬೀಜ ಸಾಲ ಕೇಳಿದವಳು.
ಎರಡು ಕ್ವಾಚಾ ಇನ್ನೂ ಬಾಕಿ.
ಈಗ ಬಿಳಿ ಕೋಟು, ಹಣೆಯ ಮೇಲೊಂದು ದೀಪ;
ನಾನು ಮಂಚದ ಮೇಲೆ, ಕಾಲೆರಡೂ ಎರಡು ದಿಕ್ಕಿಗೆ,
ಬಾಕಿ ಕೇಳುವ ಭಂಗಿಯಲ್ಲಿಲ್ಲ.

ಮೊದಲು ವಿನೆಗರ್ ಸವರಿದಳು.
ಬಸ್ ನಿಲ್ದಾಣದ ಆಲೂಗಡ್ಡೆ ಚಿಪ್ಸಿನ ವಾಸನೆ
ಕೋಣೆಯಲ್ಲೆಲ್ಲ. ಹಸಿವಾಯಿತು ನನಗೆ,
ಅಷ್ಟು ನಾಚಿಕೆಯ ನಡುವೆಯೂ.
ಒಂದು ನಿಮಿಷ ಕಾಯಬೇಕಂತೆ.
ಗಡಿಯಾರದ ಮುಳ್ಳು
ಮೊಂಗುವಿನ ಮರಳಲ್ಲಿ ನಡೆಯುವವಳಂತೆ
ಹೆಜ್ಜೆಯಿಟ್ಟು, ಅರ್ಧ ಜಾರಿ, ಮತ್ತೆ ಇಟ್ಟು.

"ನೋಡ್ತೀಯಾ ಅಮ್ಮಾ?" ಪರದೆ ತಿರುಗಿಸಿದಳು.
ಸೀಬೆಹಣ್ಣಿನ ಒಡಲ ಬಣ್ಣ. ನಡುವೆ ಒಂದು ಬಾಯಿ.
ಐದು ಮಕ್ಕಳು ಹಾದು ಬಂದ ಬಾಗಿಲು;
ಐವರಿಗೂ ಗೊತ್ತಿತ್ತು,
ನನಗೆ ಮಾತ್ರ ಇವತ್ತು ಪರಿಚಯ.
ಗರ್ಭದ ಕೊರಳು ಇದು, ಅಂದಳು.
ಕೊರಳಿದ್ದೂ ನಲವತ್ತಾರು ವರ್ಷ
ಒಂದು ಮಾತಾಡಿರಲಿಲ್ಲ ನೋಡು.

ಅದರ ಅಂಚಿಗೆ ಬಿಳುಪು.
ನೆರೆ ಬಂದು ಬಯಲೆಲ್ಲ ಮುಳುಗಿದಾಗ
ನಮ್ಮೂರ ದಿಬ್ಬವೊಂದೇ ಕಾಣುವ ಹಾಗೆ.
ಅಯೋಡಿನ್ ಹಚ್ಚಿದಳು. ಸುತ್ತಲಿನದೆಲ್ಲ
ಚಹಾದ ಬಣ್ಣಕ್ಕೆ ಒಪ್ಪಿತು,
ಆ ದಿಬ್ಬ ಒಪ್ಪಲಿಲ್ಲ; ಹಳದಿಯಾಗಿ ಕೂತಿತು,
ಮದುವೆಮನೆಯಲ್ಲಿ ಮುನಿದ ನೆಂಟನ ಹಾಗೆ.

ಅಕ್ಕ ನಮಾಕಾವು ಕಾದಿದ್ದಳು,
ನೋವು ಬರಲಿ, ಆಮೇಲೆ ಹೋದರಾಯಿತೆಂದು.
ನೋವು ಬಂತು.

"ಕೆಟ್ಟದ್ದಾ?"
"ಗೊತ್ತಿಲ್ಲ. ಗೊತ್ತಾಗಲಿ ಅಂತಲೇ ಒಂದು ಚೂರು ತೆಗೀತೀನಿ.
ಕೆಮ್ಮು."
ಕೆಮ್ಮಿದೆ.
ಕೆಮ್ಮಿನೊಳಗೆಲ್ಲೋ ಒಂದು ಚಿವುಟು,
ಹೊಳೆಯ ಏಡಿ ಬೆರಳು ಹಿಡಿದು
ಯಾಕೋ ಬಿಟ್ಟಷ್ಟು.
ಇನ್ನೊಮ್ಮೆ ಕೆಮ್ಮು. ಇನ್ನೊಂದು ಚೂರು.
ಮೂರನೆಯದಕ್ಕೆ ನಿಜವಾಗಿಯೇ ಕೆಮ್ಮು ಬಂತು, ನಿಲ್ಲಲಿಲ್ಲ,
ಇಬ್ಬರೂ ನಕ್ಕೆವು. ಆಮೇಲೆ ನಾನೊಬ್ಬಳೇ
ಸ್ವಲ್ಪ ಅತ್ತೆ; ಅವಳು ತಟ್ಟೆಯಲ್ಲಿ
ಏನನ್ನೋ ಹುಡುಕುವವಳ ಹಾಗೆ ಮಾಡಿದಳು.

ನೆತ್ತರು ನಿಲ್ಲಲು ಸಾಸಿವೆ ಬಣ್ಣದ ಲೇಪ.
ನಾಲ್ಕು ದಿನ ಕಪ್ಪು ಪುಡಿ ಬಿದ್ದೀತು, ಹೆದರಬೇಡ.
ತುಂಬಿದ ಬಕೆಟ್ಟು ಎತ್ತಬೇಡ.
ಸದ್ಯಕ್ಕೆ ಗಂಡನ ಜೊತೆ ಮಲಗಬೇಡ.
ಲಿಕಾಂಡೊ ಮೀನಿನ ಬಿಡಾರದಲ್ಲಿದ್ದಾನೆ, ಅಂದೆ,
ಬಂದರೂ ಮೈಯೆಲ್ಲ ಹೊಗೆಯ ನಾತ.

ಅಕ್ಕಿಕಾಳಿಗಿಂತ ಚಿಕ್ಕವು, ಮೂರು.
ಸೀಸೆಯ ನೀರಲ್ಲಿ ತೇಲಿ, ಆಮೇಲೆ ಮುಳುಗಿದವು.
ಮೇಲೆ ಚೀಟಿ: ಇನೊಂಗೆ ಮುಬಿಯಾನ, ೪೬.
ಅವನ್ನು ಓದಬಲ್ಲವರು ಲುಸಾಕದಲ್ಲಿ;
ಬೆಳಗಿನ ಬಸ್ಸಿಗೆ ಹೋಗುತ್ತವೆ,
ಡ್ರೈವರನ ಪಕ್ಕದ ಪೆಟ್ಟಿಗೆಯಲ್ಲಿ.

ನಾನು ಲುಸಾಕ ಕಂಡವಳಲ್ಲ.
ದಾರಿಯ ಕಾಡಲ್ಲಿ ಆನೆ ಅಡ್ಡ ನಿಂತರೆ
ಬಸ್ಸು ಎಂಜಿನ್ ಆರಿಸಿ ಕಾಯುತ್ತದಂತೆ.
ಆಗ ಆನೆಯ ಮುಖದೆದುರು
ಕೂತಿರುತ್ತೇನೆ ನಾನು,
ಇಷ್ಟೇ ಇಷ್ಟು, ಟಿಕೆಟ್ಟಿಲ್ಲದೆ.

ಉಳಿದ ನಾನು ಇಲ್ಲೇ, ಬಾಣಲೆಯ ಮುಂದೆ.
ಮೂರು ವಾರ ಅಂದಿದ್ದಳು. ಇದು ನಾಲ್ಕನೆಯದು.

ನಿನ್ನೆ ಸಂಜೆ ಬಂದಳು ಸೆಪಿಸೊ, ಕೋಟಿಲ್ಲದೆ.
ಇನ್ನೂ ಬಂದಿಲ್ಲ ಅಂದಳು, ನಾಳೆ ಫೋನು ಮಾಡ್ತೀನಿ ಅಂದಳು.
ಒಂದು ಪೊಟ್ಟಣ ಕೊಂಡು
ಹಳೆಯ ಎರಡು ಕ್ವಾಚಾನೂ ಸೇರಿಸಿ ಚಾಚಿದಳು.
ಅದು ಬೇಡ, ಅಂದೆ.
ಈ ಹೊತ್ತಲ್ಲಿ ಯಾರೂ ನನ್ನ ಲೆಕ್ಕ ಚುಕ್ತಾ ಮಾಡಬಾರದು.
ಬಾಕಿ ಇರಲಿ.

ಗಾಳಿ ತಿರುಗಿ ಹೊಗೆ ಮುಖಕ್ಕೆ ಬಡಿಯಿತು.
ಕೆಮ್ಮು ಬಂತು.
ತಡೆದುಕೊಂಡೆ.